ತಾಯಿಯ ಹೆಸರು ಕೇಳಿದಾಗ

ಇವನು ನನ್ನ ತಮ್ಮ ಎಂದು ಹೇಳಬೇಕಾಗಿದ್ದ ಜಾಗದಲ್ಲಿ ನಾನು ಹಾಗೆ ಹೇಳಲಿಲ್ಲ. ಯಾರೂ ನನ್ನ ಬಾಯಿ ಮುಚ್ಚಿ ಹಿಡಿದಿರಲಿಲ್ಲ, ಯಾರೂ ಹೆದರಿಸಿರಲಿಲ್ಲ. ಕೇಳಿದವರು ಮೆತ್ತಗೆ ಕೇಳಿದ್ದರು, ನನ್ನ ಉತ್ತರಕ್ಕಾಗಿ ಕಾದಿದ್ದರು ಕೂಡ. ನಾಲ್ಕನೆಯ ಕ್ಲಾಸಿಗೆ ಶಾಲೆ ಬಿಟ್ಟವಳು ನಾನು, ಬರೆದು ಅಭ್ಯಾಸವಿಲ್ಲ. ಆದರೆ ಕಾಸರಗೋಡಿನ ನಮ್ಮ ಬೀದಿಯ ಕೊನೆಯ ಅಂಗಡಿಯಲ್ಲಿ ಶುಕ್ರವಾರ ಸಂಜೆ ಕೆಂಡದ ಮೇಲೆ ಲೋಬಾನ ಹಾಕುತ್ತಾರೆ. ಬಿಳಿ ಹೊಗೆ ನೆಲದ ಮೇಲೆಯೇ ತೆವಳಿ ನಮ್ಮ ಜಗಲಿ ಹತ್ತುತ್ತದೆ. ಆ ವಾಸನೆ ಬಂದರೆ ಒಲೆಯ ಮೇಲಿಟ್ಟ ಅನ್ನ ಮರೆತುಹೋಗುತ್ತದೆ. ಎಂಟು ವರ್ಷದ ಒಬ್ಬ ಹುಡುಗ ಬ್ಯಾರಿ ಅಜ್ಜನ ಹೆಗಲ ಮೇಲೆ ಗಲ್ಲವಿಟ್ಟು, ಕಣ್ಣು ಬಿಟ್ಟುಕೊಂಡು ನನ್ನನ್ನೇ ನೋಡುತ್ತಿರುತ್ತಾನೆ.

ನಮ್ಮ ಮನೆ ಕುಂಬಳೆಯಲ್ಲಿ, ರೈಲು ಹಳಿಯಿಂದ ಸ್ವಲ್ಪ ಒಳಗೆ ಇತ್ತು. ಇತ್ತು ಎಂದೇ ಬರೆಯಬೇಕು, ಈಗ ಅಲ್ಲಿ ಅದರ ಅಡಿಪಾಯದ ಕಲ್ಲೂ ಇಲ್ಲ. ಕಡಲ ಗಾಳಿಗೆ ಬಾಗಿಲಿನ ಚಿಲಕ ಉಪ್ಪುಪ್ಪಾಗುವ ಮನೆ. ಚಾವಡಿಯಲ್ಲಿ ಒಣಕೊಬ್ಬರಿಯ ವಾಸನೆ, ಅಡುಗೆಮನೆಯಲ್ಲಿ ಕುಚ್ಚಲಕ್ಕಿ ಗಂಜಿ ಉಕ್ಕುವ ಸದ್ದು, ಮಧ್ಯಾಹ್ನದ ರೈಲು ಹೋದಾಗ ಸಣ್ಣಗೆ ನಡುಗುವ ಕಂಚಿನ ಬಟ್ಟಲುಗಳು. ನಮ್ಮದು ಅಳಿಯಕಟ್ಟಿನ ಮನೆ. ಯಜಮಾನಿಕೆ ಅಮ್ಮನ ಅಣ್ಣನದು. ಮನೆತನ, ಆಸ್ತಿ, ಸೂತಕ ಎಲ್ಲವೂ ತಾಯಿಯ ಕಡೆಯಿಂದ ಇಳಿದು ಬರುವುದು. ರೋಗವೂ ಹಾಗೆಯೇ ತಾಯಿಯ ಹೊಟ್ಟೆಯಿಂದ ಮಗಳ ಹೊಟ್ಟೆಗೆ ಇಳಿಯುತ್ತದೆಂದು ಊರಿನವರು ನಂಬಿದ್ದರು. ನನ್ನ ತಮ್ಮ ಸಂಜೀವನಿಗೆ ಅಪಸ್ಮಾರವಿತ್ತು. ಅದು ಬರುವ ಮುಂಚೆ ಅವನಿಗೆ ಇಲ್ಲದ ವಾಸನೆಯೊಂದು ಬರುತ್ತಿತ್ತು. ಆಡುತ್ತಿದ್ದವನು ಥಟ್ಟನೆ ನಿಂತು, "ಅಕ್ಕ, ಎಂತದೋ ಕರಟಿದ ವಾಸನೆ" ಎನ್ನುತ್ತಿದ್ದ. ನಾವು ಒಲೆಯ ಕಡೆ ನೋಡುತ್ತಿರಲಿಲ್ಲ, ಅವನ ತಲೆಯಡಿಗೆ ಬಟ್ಟೆ ಹುಡುಕುತ್ತಿದ್ದೆವು.

ನನಗೆ ಹದಿನಾಲ್ಕು ತುಂಬಿತ್ತು. ಕಾಸರಗೋಡಿನ ಒಂದು ದೊಡ್ಡ ಮನೆಯಿಂದ ಸಂಬಂಧ ಬಂದಿತ್ತು. ಹುಡುಗನ ತಾಯಿ ರುಕ್ಮಕ್ಕ ನನ್ನನ್ನು ನೋಡಲು ಬಂದ ದಿನ ಅಮ್ಮ ಸಂಜೀವನನ್ನು ನೀರು ಹರಿಯುವ ತೋಡಿನ ಆಚೆ ಬಾಗಿಯ ಗುಡಿಸಲಲ್ಲಿ ಕೂರಿಸಿದ್ದಳು. ಬಾಗಿ ನಮ್ಮ ಗದ್ದೆ ಕೆಲಸದವಳು, ಗಂಡ ಸತ್ತವಳು, ಮಕ್ಕಳಿಲ್ಲದವಳು. ಹಲಸಿನ ಬೀಜ ಸುಟ್ಟು ಕೊಟ್ಟು ಅವನನ್ನು ಇಡೀ ದಿನ ಆಡಿಸಿದಳು. ಕತ್ತಲಾಗುವ ಮೊದಲು ಕರೆಯಲು ಹೋದಾಗ ಅವನು ಬರಲು ಒಪ್ಪಲಿಲ್ಲ. ಅಮ್ಮ ನಕ್ಕಳು. ಆ ನಗುವಿನಲ್ಲಿ ಎಂಥದೋ ಸರಿ ಇರಲಿಲ್ಲ ಎಂದು ಈಗ ಅನಿಸುತ್ತದೆ.

ಬ್ಯಾರಿ ಅಜ್ಜ ಎಂದೆನಲ್ಲ, ಅವರ ಹೆಸರು ಅದ್ರಾಮ ಬ್ಯಾರಿ. ಮುಸಲ್ಮಾನ ವ್ಯಾಪಾರಿ, ನಮ್ಮ ತೋಟದ ತೆಂಗಿನಕಾಯಿ ಕೊಳ್ಳುವವರು. ಹೆಂಡತಿಯ ಊರು ತಳಂಗರೆ. ಅಲ್ಲಿನ ದೊಡ್ಡ ಪಳ್ಳಿಯ, ಎಂದರೆ ಮಸೀದಿಯ, ಜಗಲಿಯಲ್ಲಿ ಒಬ್ಬ ಮುದಿ ಮುಸ್ಲಿಯಾರರು ಕೂರುತ್ತಾರೆ, ಕಾಯಿಲೆಯವರಿಗೆ ನೀರು ಊದಿ ಕೊಡುತ್ತಾರೆ, ಎಲ್ಲ ಜಾತಿಯವರೂ ಹೋಗುತ್ತಾರೆ ಎಂದು ಹೇಳಿದವರು ಅವರೇ. ಅಮ್ಮ ಆಗ ತುಂಬು ಬಸುರಿ. ಬಸುರಿ ಹೊಳೆ ದಾಟಬಾರದು, ರೈಲು ಮೊಗ್ರಾಲ್ ಹೊಳೆಯ ಮೇಲೆಯೇ ಹೋಗಬೇಕು.

"ಇವಳನ್ನು ಕಳಿಸಿದರೆ ಆಗ್ತದಾ ಬ್ಯಾರಿಗಳೇ?" ಎಂದು ಅಮ್ಮ ಕೇಳಿದಳು.

"ಆಗದೆ ಎಂತ ಅಮ್ಮ? ಆದರೆ ಆ ಮುಸ್ಲಿಯಾರರದ್ದು ಒಂದು ಕ್ರಮ ಉಂಟು. ಅವರು ಅಪ್ಪ ಯಾರು ಅಂತ ಕೇಳುವುದಿಲ್ಲ, ತಾಯಿಯ ಹೆಸರು ಕೇಳ್ತಾರೆ. ಅದನ್ನು ಒಂದೇ ಹೊಟ್ಟೆಯಲ್ಲಿ ಹುಟ್ಟಿದವರೇ ಹೇಳಬೇಕು. ನಾನು ಹೇಳಿದರೆ ಆಗುವುದಿಲ್ಲ."

"ನಮ್ಮಲ್ಲೂ ತಾಯಿಯ ಹೆಸರೇ ಅಲ್ಲವಾ" ಎಂದು ಅಮ್ಮ ಹೇಳಿ, ನನ್ನ ಕೈಯಲ್ಲಿ ಹಿತ್ತಾಳೆ ತಂಬಿಗೆ ಇಟ್ಟಳು.

ಹೊರಟ ದಿನ ಬೆಳಗಿನಿಂದಲೇ ಗಾಳಿ ಇರಲಿಲ್ಲ. ತೆಂಗಿನ ಗರಿಗಳು ಬಿಡಿಸಿಟ್ಟ ಚಿತ್ರದ ಹಾಗೆ ನಿಂತಿದ್ದವು. ರೈಲು ಹೊಳೆಯ ಮೇಲೆ ಬಂದಾಗ ಕೆಳಗೆ ನೀರು ಅಲುಗದೆ ಎಣ್ಣೆಯಂತೆ ಹೊಳೆಯುತ್ತಿತ್ತು. ಮೀನಿನ ದೋಣಿಯೊಂದು ನಡುವಿನಲ್ಲಿ ಸುಮ್ಮನೆ ನಿಂತಿತ್ತು, ಅದರಲ್ಲಿ ಯಾರೂ ಕಾಣಲಿಲ್ಲ. ಸಂಜೀವ ಕಿಟಕಿಯ ಸರಳಿಗೆ ಹಣೆ ಒತ್ತಿ, ಅದರಲ್ಲಿದ್ದವರು ಎಲ್ಲಿಗೆ ಹೋದರು ಎಂದು ಕೇಳುತ್ತಲೇ ಇದ್ದ. ಕಾಸರಗೋಡಿನಲ್ಲಿ ಇಳಿದ ಮೇಲೆ ಬ್ಯಾರಿ ಅಜ್ಜ ಮೊದಲು ಕಡಲ ಬದಿಯ ಒಂದು ಸಣ್ಣ ಪಳ್ಳಿಗೆ ಕರೆದುಕೊಂಡು ಹೋದರು. ಹುಲ್ಲು ಹೊದೆಸಿದ ಮಾಡು, ಉಪ್ಪು ತಿಂದ ಕೆಂಪು ಕಲ್ಲಿನ ಗೋಡೆ, ಹಿಂಬದಿಯಲ್ಲಿ ಹೆಸರಿಲ್ಲದ ಗೋರಿಗಳ ಸಾಲು. ಕಡಲಿನಲ್ಲಿ ಹೋದವರ ಗೋರಿಗಳು ಎಂದರು. ಅಲ್ಲಿ ಅವರು ಒಳಗೆ ಹೋಗಿ ಬರುವ ತನಕ ನಾವಿಬ್ಬರು ಹೊರಗೆ ಮರದಡಿ ನಿಂತೆವು. ಸಂಜೀವ ಒಂದು ಗೋರಿಯ ತಲೆಗಲ್ಲನ್ನು ಕೈಯಿಂದ ಸವರಿದ. ನಾನು ಅವನ ಕೈಗೆ ಹೊಡೆದೆ. ಯಾಕೆ ಅಷ್ಟು ಜೋರಾಗಿ ಹೊಡೆದೆನೋ ತಿಳಿಯದು.

ಅಲ್ಲಿಂದ ಪೇಟೆಗೆ. ಅಷ್ಟು ದೊಡ್ಡ ಪೇಟೆಯನ್ನು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ. ಒಣಮೀನಿನ ರಾಶಿ, ಬೆಲ್ಲದ ಮೇಲೆ ಕಣಜಗಳು, ಹೊಗೆಸೊಪ್ಪಿನ ಕಟ್ಟು, ಖರ್ಜೂರದ ಚಾಪೆ ಮೂಟೆ, ಅತ್ತರಿನ ಸಣ್ಣ ಸಣ್ಣ ಕುಪ್ಪಿ. ಒಂದು ಅಂಗಡಿಯ ತುಂಬ ತಳಂಗರೆಯ ಬಿಳಿ ಟೊಪ್ಪಿಗಳು. ಹೆಂಗಸರು ಮನೆಯಲ್ಲಿ ಕೂತು ಕೈಯಲ್ಲೇ ಕಸೂತಿ ಹಾಕಿದವು, ಹಡಗಿನಲ್ಲಿ ದೂರ ದೂರ ಹೋಗುವವು. ಅದು ಬ್ಯಾರಿ ಅಜ್ಜನ ಬಾವನ ಅಂಗಡಿ. ಅಜ್ಜ ಒಂದನ್ನು ತೆಗೆದು ಸಂಜೀವನ ತಲೆಗಿಟ್ಟರು.

"ನೋಡಿ, ಸಂಜೀವ ಬ್ಯಾರಿ ಬಂದರು! ಕುರ್ಚಿ ಹಾಕಿ!"

"ಹಾಗಾದರೆ ನನಗೆ ತುಪ್ಪದ ಅನ್ನ ಉಂಟಾ?" ಎಂದ ಸಂಜೀವ.

"ಉಂಟು ಮಾರಾಯ, ಆದರೆ ಮೊದಲು ನನ್ನ ಹಾಗೆ ಗಡ್ಡ ಬರಲಿ."

ಅಂಗಡಿಯಲ್ಲಿದ್ದವರೆಲ್ಲ ನಕ್ಕರು. ಅವನೂ ನಗುತ್ತಿದ್ದವನು ನಿಲ್ಲಿಸಿದ. ಮೂಗು ಮೇಲೆತ್ತಿ ಗಾಳಿಯನ್ನು ಮೂಸಿ ನನ್ನ ಕಡೆ ತಿರುಗಿದ. "ಅಕ್ಕ" ಎಂದ. ಅಷ್ಟೇ. ನಾನು ತಂಬಿಗೆ ಬಿಟ್ಟು ಹಿಡಿಯುವಷ್ಟರಲ್ಲಿ ಅವನು ಬೀದಿಯ ದೂಳಿನಲ್ಲಿ ಬಿದ್ದು ಸೆಟೆದುಕೊಂಡಿದ್ದ. ಜನ ಸುತ್ತ ಕಟ್ಟಿದರು. ಯಾರೋ ಕಬ್ಬಿಣದ ಬೀಗದ ಕೈ ತಂದು ಅವನ ಮುಷ್ಟಿಯಲ್ಲಿ ಇಡಲು ನೋಡಿದರು. ಸೆಳೆತ ನಿಂತು, ಬ್ಯಾರಿ ಅಜ್ಜ ಅವನ ಬಾಯಿ ಒರೆಸಿ ಎತ್ತಿಕೊಂಡಾಗ ಜನರ ನಡುವಿನಿಂದ ಒಂದು ಪರಿಚಯದ ದನಿ ಕೇಳಿಸಿತು.

"ಗಿರಿಜೆ ಅಲ್ಲವಾ? ಕುಂಬಳೆಯ ಗಿರಿಜೆ? ಈ ಹುಡುಗ ಯಾರದ್ದು?"

ರುಕ್ಮಕ್ಕ. ಕೈಯಲ್ಲಿ ಎಣ್ಣೆಯ ಕುಪ್ಪಿ, ಹಿಂದೆ ಆಳು. ಅವರ ಕಣ್ಣು ಸಂಜೀವನ ಮುಖದಿಂದ ನನ್ನ ಮುಖಕ್ಕೆ, ಮತ್ತೆ ಅಲ್ಲಿಗೆ ಹೋಗಿ ಬಂತು.

"ನಮ್ಮ ಬಾಗಿಯ ಮಗ" ಎಂದೆ. "ಗದ್ದೆ ಕೆಲಸದವಳು. ಪಳ್ಳಿಗೆ ಕರೆದುಕೊಂಡು ಹೋಗಿ ಎಂದು ಅಮ್ಮನ ಹತ್ತಿರ ಹೇಳಿದ್ದಳು."

ಯೋಚಿಸಿ ಹೇಳಿದ್ದಲ್ಲ. ಆದರೆ ತಡವರಿಸಲೂ ಇಲ್ಲ. ಅದನ್ನೇ ನಾನು ಇಷ್ಟು ವರ್ಷ ಮರೆಯಲಾಗದೆ ಇರುವುದು.

"ಪಾಪ! ಕೆಲಸದವರ ಮಕ್ಕಳನ್ನೂ ಹೀಗೆ ನೋಡಿಕೊಳ್ತೀರಲ್ಲ, ಒಳ್ಳೆಯ ಮನೆತನ ಮಾರಾಯ್ತಿ ನಿಮ್ಮದು" ಎಂದರು ರುಕ್ಮಕ್ಕ. ಅವರೂ ಪಳ್ಳಿಗೇ ಹೊರಟವರು. ದನಕ್ಕೆ ಹುಷಾರಿಲ್ಲದಾಗ ದೀಪಕ್ಕೆ ಎಣ್ಣೆ ಕೊಡುತ್ತೇನೆಂದು ಹರಕೆ ಹೇಳಿದ್ದರಂತೆ. "ಗಾಡಿ ಉಂಟು, ಹತ್ತಿ, ಒಟ್ಟಿಗೆ ಹೋಗುವ" ಎಂದರು. ಬೇಡ ಎನ್ನಲು ನನಗೆ ಕಾರಣ ಸಿಗಲಿಲ್ಲ. ಗಾಡಿಯಲ್ಲಿ ಬ್ಯಾರಿ ಅಜ್ಜ ಸಂಜೀವನನ್ನು ಹೆಗಲಿಗೆ ಒರಗಿಸಿಕೊಂಡು ಕೂತರು. ಎತ್ತಿನ ಕೊರಳ ಗಂಟೆ ದಾರಿಯುದ್ದಕ್ಕೂ ಒಂದೇ ಸಮನೆ ಬಡಿಯುತ್ತಿತ್ತು.

ತಳಂಗರೆಯ ಪಳ್ಳಿಯನ್ನು ಕಂಡವರಿಗೆ ನಾನು ಹೇಳಬೇಕಾಗಿಲ್ಲ. ಅರಬರ ನಾಡಿನಿಂದ ಹಡಗಿನಲ್ಲಿ ಬಂದವರು ಕಟ್ಟಿದ್ದು ಎನ್ನುತ್ತಾರೆ. ಆಗ ಮರದ ಬಾಗಿಲು, ಕೆತ್ತಿದ ತೊಲೆಗಳು, ಕಾಲು ತೊಳೆಯುವ ಕೊಳದಲ್ಲಿ ಹಸಿರು ನೀರು. ಒಳಗಿನಿಂದ ತಣ್ಣನೆಯ ಕತ್ತಲೂ ಲೋಬಾನದ ಹೊಗೆಯೂ ಒಟ್ಟಿಗೆ ಹೊರಗೆ ಬರುತ್ತಿದ್ದವು. ಇಳಿಹೊತ್ತಿನ ಅಸರ್ ನಮಾಜು ಮುಗಿದಿತ್ತು. ಹೆಂಗಸರು ನಿಲ್ಲುವ ಕಡೆ, ಜಗಲಿಯ ಕೆಳಗೆ ನಾವು ನಿಂತೆವು. ನಮ್ಮ ಸರದಿ ಬಂದಾಗ ಮುಸ್ಲಿಯಾರರು ನನ್ನ ತಂಬಿಗೆಯನ್ನು ಎರಡೂ ಕೈಯಲ್ಲಿ ತೆಗೆದುಕೊಂಡರು. ಅವರ ಕಣ್ಣಿನಲ್ಲಿ ಪೊರೆ ಬಂದಿತ್ತು, ನನ್ನ ಮುಖ ಕಂಡಿರಲಾರದು. "ಹುಡುಗನ ಹೆಸರು?" ಎಂದರು. ಸಂಜೀವ ಎಂದೆ. "ಉಮ್ಮಾನ ಹೆಸರು?"

ರುಕ್ಮಕ್ಕನ ಸೀರೆಯ ಸೆರಗು ನನ್ನ ಮೊಣಕೈಗೆ ತಾಗುತ್ತಿತ್ತು. ಬ್ಯಾರಿ ಅಜ್ಜ ಗಂಟಲು ಸರಿಮಾಡಿಕೊಂಡರು. ಅವರ ಹೆಗಲ ಮೇಲೆ ಮಲಗಿದ್ದ ಸಂಜೀವ ಎಚ್ಚರವಾಗಿದ್ದ. ನಾನು "ಬಾಗಿ" ಎಂದೆ. ಮುಸ್ಲಿಯಾರರು ಬಾಗಿಯ ಮಗ ಸಂಜೀವ ಎಂದು ತಮ್ಮಷ್ಟಕ್ಕೆ ಹೇಳಿಕೊಂಡು ಕಣ್ಣು ಮುಚ್ಚಿ, ಬಹಳ ಹೊತ್ತು ಓದಿ ನೀರಿಗೆ ಊದಿದರು.

ರುಕ್ಮಕ್ಕ ಎಣ್ಣೆ ಕೊಟ್ಟು ಗಾಡಿ ಹತ್ತಿ ಹೋದ ಮೇಲೆ ಬ್ಯಾರಿ ಅಜ್ಜ ನನ್ನನ್ನು ಕೊಳದ ಬದಿಗೆ ಕರೆದರು. "ಹೊತ್ತು ಹೋಗಲಿಲ್ಲ ಮಗಳೇ. ಈಗ ಯಾರೂ ಇಲ್ಲ. ಹೋಗಿ ಸರಿಯಾಗಿ ಹೇಳಿ ಬಾ." ನಾನು ರೈಲು ತಪ್ಪುತ್ತದೆ ಎಂದೆ. ಅವರು ಬಯ್ಯಲಿಲ್ಲ, ಸಂಜೀವನನ್ನು ಎತ್ತಿಕೊಂಡು ನಡೆದರು. ಹಿಂದೆ ಬರುವಾಗ ರೈಲು ಹೊಳೆ ದಾಟುತ್ತಿದ್ದಂತೆ ಸಂಜೀವ ಕೇಳಿದ, "ಅಕ್ಕ, ನಾನು ಬಾಗಿಯ ಮಗನಾ? ಹಾಗಾಗಿಯಾ ಅವತ್ತು ನನ್ನನ್ನು ಅಲ್ಲಿ ಬಿಟ್ಟದ್ದು?" ಅಲ್ಲ ಎಂಬ ಒಂದು ಮಾತು ಸಾಕಾಗಿತ್ತು. ಅಮ್ಮನ ಹತ್ತಿರ ಹೋಗಿ ಕೇಳಿಯಾನು, ಎಲ್ಲ ಹೊರಗೆ ಬಂದೀತು ಎಂಬ ಹೆದರಿಕೆಯಲ್ಲಿ, "ಇದನ್ನೆಲ್ಲ ಯಾರ ಹತ್ತಿರವೂ ಕೇಳಬಾರದು" ಎಂದೆ. ಅವನು ತಲೆಯಾಡಿಸಿದ. ನಾನು ಹೇಳಿದ್ದನ್ನು ಅವನು ಯಾವಾಗಲೂ ಕೇಳುತ್ತಿದ್ದ.

ಆ ವಾರವೇ ಅಮ್ಮ ಹೆಣ್ಣು ಹೆತ್ತು ಬಾಣಂತಿ ಕೋಣೆ ಸೇರಿದಳು. ಸಂಜೀವನನ್ನು ನೋಡಿಕೊಳ್ಳುವುದು ನನ್ನ ಪಾಲಿಗೆ ಬಂತು. ಅವನು ಬೆಳಗಾದರೆ ತೋಡಿಗೆ ಅಡ್ಡ ಹಾಕಿದ ಸಂಕ ದಾಟಿ ಬಾಗಿಯ ಗುಡಿಸಲಿಗೆ ಹೋಗತೊಡಗಿದ. ನಾನು ತಡೆಯಲಿಲ್ಲ. ಮದುವೆಯ ಮಾತಿಗೆ ರುಕ್ಮಕ್ಕನ ಕಡೆಯವರು ಬಂದು ಹೋಗುತ್ತಿದ್ದರು, ಅವನು ಕಣ್ಣಿಗೆ ಬೀಳದಿದ್ದುದೇ ನನಗೆ ಅನುಕೂಲವಾಗಿತ್ತು. "ನಿಮ್ಮ ತಮ್ಮ ನನ್ನನ್ನು ಅಮ್ಮ ಅಂತ ಕರೀತಾರೆ ಸಣ್ಣಮ್ಮ, ಎಂತ ತಮಾಷೆ ನೋಡಿ" ಎಂದು ಬಾಗಿ ಒಂದು ದಿನ ನಾಚಿಕೊಂಡು ಹೇಳಿದಳು. ನಾನೂ ನಕ್ಕೆ. ಆಟಿ ತಿಂಗಳ ಮಳೆಗೆ ತೋಡು ತುಂಬಿ, ಎರಡು ತೆಂಗಿನ ಮರದ ಸಂಕದ ಮೇಲೆ ನೀರು ಚಿಮ್ಮುತ್ತಿತ್ತು. ಒಂದು ಬೆಳಗ್ಗೆ ಅವನು ಹೋದ. ಸಂಕದ ನಡುವಿನಲ್ಲಿ ಅವನಿಗೆ ಆ ವಾಸನೆ ಬಂದಿರಬೇಕು. ಯಾರ ಕಡೆ ತಿರುಗಿ ಏನು ಕರೆದನೋ ಕೇಳಿದವರಿಲ್ಲ. ಮಧ್ಯಾಹ್ನ ಕೆಳಗಿನ ಗದ್ದೆಯ ಒಡ್ಡಿನಲ್ಲಿ ಸಿಕ್ಕಿದ.

ಯಜಮಾನರಾದ ಮಾವ ಬಾಗಿಯನ್ನು ಅಂಗಳಕ್ಕೆ ಕರೆಸಿದರು. ಮಕ್ಕಳಿಲ್ಲದವಳು ಹುಡುಗನಿಗೆ ಮರುಳು ಹಿಡಿಸಿದಳು, ಕರೆದು ಕರೆದು ಕೊಂದಳು ಎಂದರು. ಬಾಗಿ ನೆಲದ ಮೇಲೆ ಕೂತು, "ನಾನು ಕರೆಯಲಿಲ್ಲ ಧನಿಗಳೇ, ಅವರೇ ಬರ್ತಿದ್ದರು. ಸಣ್ಣಮ್ಮ, ನೀವಾದರೂ ಹೇಳಿ" ಎಂದು ನಾನಿದ್ದ ಕಡೆ ನೋಡಿದಳು. ನಾನು ಕಂಬದ ಹಿಂದೆ ನಿಂತಿದ್ದೆ. ಮರುದಿನ ಅವಳ ಗುಡಿಸಲು ಕಿತ್ತು ಹಾಕಿದರು. ಬ್ಯಾರಿ ಅಜ್ಜ ಒಮ್ಮೆ ಬಂದು ಅಂಗಳದಲ್ಲಿ ತುಸು ಹೊತ್ತು ನಿಂತು ಹೋದರು, ಆಮೇಲೆ ನಮ್ಮ ತೆಂಗಿನಕಾಯಿಗೆ ಬೇರೆಯವರು ಬಂದರು. ವರ್ಷ ಕಳೆದು ನನ್ನ ಮದುವೆ ಆಯಿತು. ರುಕ್ಮಕ್ಕ ನನ್ನನ್ನು ಚೆನ್ನಾಗಿಯೇ ನೋಡಿಕೊಂಡರು. ಅವರು ತೋರಿದ ಒಂದೊಂದು ಪ್ರೀತಿಯೂ ನನಗೆ ಸಲ್ಲಬೇಕಾದದ್ದಾಗಿರಲಿಲ್ಲ.

ಅಮ್ಮ ಬದುಕಿರುವವರೆಗೂ, ಅಕ್ಕಿ ಆರಿಸುತ್ತಲೋ ಬತ್ತಿ ಹೊಸೆಯುತ್ತಲೋ, "ಅವನು ಆ ಕಡೆ ಯಾಕೆ ಹೋಗ್ತಿದ್ದ?" ಎಂದು ಕೇಳುತ್ತಿದ್ದಳು. ಯಾರನ್ನೂ ನೋಡಿ ಕೇಳುತ್ತಿರಲಿಲ್ಲ. ಕಾಸರಗೋಡು ಕೇರಳಕ್ಕೆ ಸೇರಿದ ಮರುವರ್ಷ ಅವಳು ತೀರಿಕೊಂಡಳು, ನನ್ನಿಂದ ಉತ್ತರ ಸಿಗದೆಯೇ. ಮನೆ ಪಾಲಾಗಿ, ಹಂಚು ಮರ ಬೇರೆ ಬೇರೆ ಊರಿಗೆ ಹೋದವು. ಅಂಥ ಮನೆಗಳಲ್ಲಿ ಬೆಳೆದವರಿಗೆ ಗೊತ್ತು, ಮನೆ ಹೋದ ಮೇಲೆ ಅದರೊಳಗೆ ಬಚ್ಚಿಟ್ಟದ್ದಕ್ಕೆ ನಿಲ್ಲಲು ಜಾಗವಿರುವುದಿಲ್ಲ, ನಮ್ಮ ಮೈಯೊಳಗೇ ಬಂದು ಕೂರುತ್ತದೆ.

ಅಮ್ಮನ ಬೊಜ್ಜದ ಉತ್ತರಕ್ರಿಯೆ ಮುಗಿಸಿ ಬರುವಾಗ, ಬಾಗಿ ಮೊಗ್ರಾಲಿನಲ್ಲಿ ತಂಗಿಯ ಮಗನ ಮನೆಯಲ್ಲಿದ್ದಾಳೆ ಎಂದು ಯಾರೋ ಹೇಳಿದರು, ಅಲ್ಲಿಗೆ ಹೋದೆ. ಹೊಳೆಯ ಬದಿಯಲ್ಲಿ ಹೆಂಗಸರು ತೆಂಗಿನ ನಾರು ಬಡಿಯುತ್ತಿದ್ದರು. ಅವರ ನಡುವೆ ಕೂದಲೆಲ್ಲ ಬೆಳ್ಳಗಾಗಿ, ಬೆನ್ನು ಬಾಗಿ ಅವಳು ಹಗ್ಗ ಹೊಸೆಯುತ್ತಿದ್ದಳು. ನಾನು ಹತ್ತಿರ ಕೂತು ಮೆಲ್ಲಗೆ ಹೇಳಲು ಹೊರಟೆ. ಅವಳು ಕಿವಿಗೆ ಕೈ ಹಿಡಿದಳು.

"ಜೋರಾಗಿ ಹೇಳಿ ಸಣ್ಣಮ್ಮ. ಈಗ ಕಿವಿ ಕೇಳುವುದಿಲ್ಲ."

ನಾರು ಬಡಿಯುತ್ತಿದ್ದವರು ಕೈ ನಿಲ್ಲಿಸಿ ನನ್ನ ಕಡೆ ನೋಡಿದರು. ನಾನು ಎದ್ದು ನಿಂತು, ಅವರೆಲ್ಲರಿಗೂ ಕೇಳುವ ಹಾಗೆ ಹೇಳಿದೆ: "ಬಾಗಿಯಕ್ಕ, ನೀನು ಅವನನ್ನು ಕರೆಯಲಿಲ್ಲ. ನೀನೇ ಅವನ ತಾಯಿ ಎಂದು ಸುಳ್ಳು ಹೇಳಿದವಳು ನಾನು. ಅದಕ್ಕೇ ಅವನು ಬರುತ್ತಿದ್ದ. ಅವತ್ತು ಅಂಗಳದಲ್ಲಿ ಗೊತ್ತಿದ್ದೂ ಬಾಯಿ ಬಿಡಲಿಲ್ಲ. ನನ್ನದು ತಪ್ಪಾಯಿತು."