ದೋಣಿಯವನ ಮಾತು

ಇನ್ನೊಕೆಂತಿ ಸವೇಲ್ಯೆವಿಚ್ ಡುದರೆವ್‌ನ ಮುಖ ಲೆನಿನ್‌ಗ್ರಾದ್‌ನಲ್ಲಿ ಎಲ್ಲರಿಗೂ ಗೊತ್ತು, ಹೆಸರು ಒಬ್ಬರಿಗೂ ಗೊತ್ತಿಲ್ಲ. ಟ್ರಾಮಿನಲ್ಲಿ ಜನ ಅವನನ್ನು ದಿಟ್ಟಿಸಿ, ನೀವು ನಮ್ಮ ಭಾವನ ಜೊತೆ ಕಾರ್ಖಾನೆಯಲ್ಲಿದ್ದಿರಲ್ಲವೇ ಎಂದು ಕೇಳುತ್ತಿದ್ದರು. ಇವನು ಹೌದೆಂದುಬಿಡುತ್ತಿದ್ದ, ಇಲ್ಲವೆಂದರೆ ಮಾತು ಬೆಳೆಯುತ್ತದೆ. ಸಿನಿಮಾಗಳಲ್ಲಿ ಮೂವತ್ತು ವರ್ಷ ಬಾಗಿಲು ಕಾದ, ಅಂಚೆ ಹಂಚಿದ, ಕುಡಿದು ಮೆಟ್ಟಿಲ ಮೇಲೆ ಬಿದ್ದ. ನಾಯಕ ಬಂದಾಗ ಪಕ್ಕಕ್ಕೆ ಸರಿಯುವುದರಲ್ಲಿ ಅವನನ್ನು ಮೀರಿಸುವವರಿರಲಿಲ್ಲ. ಅದಕ್ಕೆಲ್ಲ ಯಾರು ಚಪ್ಪಾಳೆ ತಟ್ಟುತ್ತಾರೆ?

ಅರವತ್ತು ದಾಟಿದ ಮೇಲೆ ಅದೃಷ್ಟ ಖುಲಾಯಿಸಿತು. ದೋಣಿ ನಡೆಸುವ ಮುದುಕನ ಪಾತ್ರ. ಯುದ್ಧದಲ್ಲಿ ಸತ್ತ ಮಗನನ್ನು ನೆನೆದು ನಡುಹೊಳೆಯಲ್ಲಿ ಆಡುವ ಉದ್ದನೆಯ ಮಾತು. ಬೇಸಿಗೆಯಲ್ಲಿ ವೋಲ್ಗಾದ ಮೇಲೆ ಚಿತ್ರೀಕರಣವಾಯಿತು. ಹೊಳೆಯ ಗಾಳಿಯಲ್ಲಿ, ಕ್ಯಾಮೆರಾದ ಗದ್ದಲದಲ್ಲಿ ದನಿ ಹಿಡಿಯಲಾಗುವುದಿಲ್ಲ. ಎಂದಿನಂತೆ ಮಾತನ್ನು ಚಳಿಗಾಲದಲ್ಲಿ, ಸ್ಟುಡಿಯೋದ ಕತ್ತಲೆ ಕೋಣೆಯಲ್ಲಿ, ತೆರೆಯ ಮೇಲಿನ ತುಟಿಗೆ ಹೊಂದಿಸಿ ಕೂಡಿಸಬೇಕಿತ್ತು.

ಅಷ್ಟರಲ್ಲಿ ಒಂದು ಬೆಳಿಗ್ಗೆ ಅವನ ಕೈಯಿಂದ ಚಹಾ ಲೋಟ ಜಾರಿತು, ಬಾಯಿ ಒಂದು ಕಡೆಗೆ ವಾಲಿತು. ಆಸ್ಪತ್ರೆಯಿಂದ ಮರಳುವಾಗ ಬಾಯಿ ನೆಟ್ಟಗಾಗಿತ್ತು, ನಾಲಿಗೆ ಮಾತ್ರ ಸರಿಯಾಗಿ ಹೊರಳುತ್ತಿರಲಿಲ್ಲ. ಯಾರಿಗೂ ಹೇಳಬೇಡವೆಂದು ಹೆಂಡತಿ ಗ್ಲಾಫಿರಾಳಿಂದ ಆಣೆ ಮಾಡಿಸಿಕೊಂಡ. ಒಬ್ಬನ ಬಾಯಿಗೆ ಇನ್ನೊಬ್ಬನ ದನಿ ಅಂಟಿಸುವುದು ಸ್ಟುಡಿಯೋದಲ್ಲಿ ಮಾಮೂಲು. ಅದೇ ಅವನ ಭಯ. ನಾಲ್ಕು ಸಂಸಾರಗಳಿಗೆ ಒಂದೇ ಇದ್ದ ಬಚ್ಚಲಲ್ಲಿ ನಲ್ಲಿ ಬಿಟ್ಟುಕೊಂಡು ಮಾತು ಒಪ್ಪಿಸುತ್ತಿದ್ದ, ಹೊರಗೆ ನೆರೆಯವರು ಬಾಗಿಲು ಬಡಿಯುತ್ತಿದ್ದರು. ಸ್ಟುಡಿಯೋದಿಂದ ಫೋನು ಬಂದರೆ ತಾನು ಎತ್ತುತ್ತಿರಲಿಲ್ಲ. ಗ್ಲಾಫಿರಾ ಎತ್ತಿ, ನೆಗಡಿಯಾಗಿ ಮಲಗಿದ್ದಾರೆ ಎನ್ನುತ್ತಿದ್ದಳು. ಎಷ್ಟು ದಿನ ನೆಗಡಿ?

ಕೊನೆಗೆ ಕರೆ ಬಂತು. ಸ್ಟುಡಿಯೋದ ಕಾರಿಡಾರಿನಲ್ಲಿ ಗ್ಲೆಬ್ ಎಂಬ ನಟ ಕುಳಿತಿದ್ದ, ತುಂಬು ಕಂಠದವನು. ಸುಮ್ಮನೆ ಬರಹೇಳಿದರು ಎಂದು ನೆಲ ನೋಡುತ್ತ ಹೇಳಿದ. ಗುಟ್ಟು ರಟ್ಟಾಗಿದೆಯೆಂದು ಇನ್ನೊಕೆಂತಿಗೆ ಆಗಲೇ ತಿಳಿಯಿತು.

ಒಳಗೆ ಅದೇ ದೃಶ್ಯವನ್ನು ಮತ್ತೆ ಮತ್ತೆ ತೋರಿಸಿದರು. ತೆರೆಯ ಮೇಲೆ ಅವನ ತುಟಿ ಮುಂದೆ ಹೋಗುತ್ತಿತ್ತು, ಅವನು ತಡವರಿಸುತ್ತ ಹಿಂದೆ ಉಳಿಯುತ್ತಿದ್ದ. ಅಂಗಿ ಬೆವರಿನಲ್ಲಿ ತೊಯ್ದಿತು. ಧ್ವನಿಯ ಹೊಣೆ ಹೊತ್ತಿದ್ದ ಮಾಯಾ ಲ್ವೊವ್ನಾ ಯಂತ್ರ ನಿಲ್ಲಿಸಿದಳು.

"ಇನ್ನೊಕೆಂತಿ ಸವೇಲ್ಯೆವಿಚ್, ಉದ್ದದ ಮಾತು ಕತ್ತರಿಸಿಬಿಟ್ರೆ ಎರಡು ಸಾಲು ನಿಮ್ಮ ದನೀಲೇ ಉಳಿಯುತ್ತೆ. ಪೂರ್ತಿ ಬೇಕು ಅಂದ್ರೆ ದನಿ ಗ್ಲೆಬ್‌ದು. ನೀವೇ ಹೇಳಿ, ಹಾಗೇ ಮಾಡೋಣ."

ಎರಡು ಸಾಲು ಅವನಿಗೆ ಮೂವತ್ತು ವರ್ಷದಿಂದ ಸಿಗುತ್ತಲೇ ಇತ್ತು.

"ಮಾತು ಪೂರ್ತಿ ಇರ್ಲಿ," ಎಂದ, ತೊದಲುತ್ತ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ಮನೆಗೆ ಬಂದು ಕೋಟು ಬಿಚ್ಚದೆ ಕೂತು ಅತ್ತುಬಿಟ್ಟ.

ವಸಂತದಲ್ಲಿ ಚಿತ್ರ ಬಂತು. ಬೇಡವೆಂದರೂ ಗ್ಲಾಫಿರಾ ಕರೆದುಕೊಂಡು ಹೋದಳು. ತೆರೆಯ ಮೇಲೆ ಹೊಳೆ ಬಂತು, ದೋಣಿ ಬಂತು, ಅವನ ಬಾಯಿ ತೆರೆಯಿತು, ಗ್ಲೆಬ್ ಮಾತಾಡಿದ. ಜನ ಮೂಗು ಒರೆಸಿಕೊಳ್ಳತೊಡಗಿದರು. ಗ್ಲಾಫಿರಾ ಥಟ್ಟನೆ ಗಂಡನ ಕೈ ಅದುಮಿದಳು. ಕತ್ತಲಲ್ಲಿ ಅವನು ತನಗರಿವಿಲ್ಲದೆಯೇ ಗಟ್ಟಿಯಾಗಿ, ತೊದಲುತ್ತ, ಒಂದು ಪದ ಹಿಂದೆ ಉಳಿದು, ಅದೇ ಮಾತು ಆಡುತ್ತಿದ್ದ.

ಮುಂದಿನ ಸಾಲಿನ ಹೆಂಗಸು ತಿರುಗಿದಳು. ಅವಳ ಕೆನ್ನೆ ಒದ್ದೆಯಾಗಿತ್ತು.

"ಅಜ್ಜ, ಸ್ವಲ್ಪ ಸುಮ್ನಿರಿ. ಪಾಪ, ಆ ಮುದುಕ ಏನ್ ಹೇಳ್ತಾನೆ ಅಂತ ಕೇಳಿಸ್ಕೋಬೇಕು."

"ತಪ್ಪಾಯ್ತಮ್ಮ," ಎಂದು ಅವನು ಬಾಯಿ ಮುಚ್ಚಿಕೊಂಡ.