ಮಾಗಳಿ ಬುಡದ ದೇವರು

ಸುನಂದಮ್ಮನ ಗಂಡ ಪ್ರಭುಸ್ವಾಮಿ ಮಾಗಳಿ ಬೇರು ಅಗೆದು ಮಾರುತ್ತಿದ್ದ. ಉಪ್ಪಿನಕಾಯಿಗೆ ಹಾಕುವ ಬೇರು. ಅಂತರಸಂತೆ ಕಡೆಯ ಕಲ್ಲುಗುಡ್ಡದಲ್ಲಿ, ಬಂಡೆ ಸಂದಿನಲ್ಲಿ ಹಬ್ಬುವ ಪೊದೆ ಅದು. ಅವನು ಒಂದು ಬುಡದಲ್ಲಿ ಎರಡು ಬೇರು ತೆಗೆದರೆ ಮೂರನೆಯದನ್ನು ಮುಟ್ಟುತ್ತಿರಲಿಲ್ಲ. ಆಮೇಲೆ ಬಂದವರು ಹಾರೆ ಹಾಕಿ ಬುಡವನ್ನೇ ಎತ್ತಿದರು. ಅರ್ಧ ಗುಡ್ಡ ಕಲ್ಲು ಕ್ವಾರಿಗೆ ಹೋಯಿತು. ಹೋದ ವರ್ಷ ಪ್ರಭುಸ್ವಾಮಿ ತೀರಿಕೊಂಡಾಗ ಅಲ್ಲಿ ಉಳಿದಿದ್ದದ್ದು ಒಂದೇ ಪೊದೆ. ಅದರ ಜಾಗ ಸುನಂದಮ್ಮನಿಗೆ ಮಾತ್ರ ಗೊತ್ತಿತ್ತು. ಹಾರೆಯವರು ಇವತ್ತಲ್ಲ ನಾಳೆ ಅಲ್ಲಿಗೂ ಬರುವವರೇ. ಕಾಯಿ ಬಲಿತು ಬಿತ್ತಲು ಬೀಜ ಸಿಗುವವರೆಗೆ ಅದು ಉಳಿದರೆ ಸಾಕಿತ್ತು ಅವಳಿಗೆ.

ಮನೆಯಲ್ಲಿ ಕುಂಕುಮದ ಭರಣಿ ಇತ್ತು. ಅವಳು ಹಣೆಗೆ ಇಟ್ಟುಕೊಳ್ಳುವ ಹಾಗಿರಲಿಲ್ಲ. ಹೊಲದ ಬದುವಿನಿಂದ ಉದ್ದನೆಯ ಕಲ್ಲೊಂದನ್ನು ಹೊತ್ತು ತಂದು ಪೊದೆಯ ಬುಡದಲ್ಲಿ ನಿಲ್ಲಿಸಿದಳು. ಮೂರು ಗೆರೆ ವಿಭೂತಿ ಎಳೆದು ನಡುವೆ ಕುಂಕುಮ ಇಟ್ಟಳು. ದೇವರಿರುವ ಕಡೆ ಯಾರೂ ಹಾರೆ ಹಾಕುವುದಿಲ್ಲ ಅಂದುಕೊಂಡಳು.

ಹಾಕಲೂ ಇಲ್ಲ. ಕೈ ಮುಗಿದರು. ಯಾರದ್ದೋ ಕಳೆದುಹೋದ ಹಸು ಸಿಕ್ಕಿತು, ತೆಂಗಿನಕಾಯಿ ಒಡೆದರು. ಸೋಮವಾರ ಸೋಮವಾರ ದೀಪ ಬಂತು. ನಾಲ್ಕನೇ ತಿಂಗಳಿಗೆ ಅದೇ ಊರಿನ ರೈತ ವೀರಭದ್ರಸ್ವಾಮಿ ನಾಲ್ಕು ಜನರನ್ನು ಕಟ್ಟಿಕೊಂಡು ತನ್ನ ಟ್ರ್ಯಾಕ್ಟರಿನಲ್ಲಿ ಸಿಮೆಂಟು, ಜಲ್ಲಿ ತಂದ. ಸುದ್ದಿ ಕೇಳಿ ಸುನಂದಮ್ಮ ಗುಡ್ಡ ಹತ್ತಿದಳು.

"ಏನಪ್ಪ ಇದು?"

"ಕಟ್ಟೆ ಕಟ್ತೀವಿ ಕಣಕ್ಕ. ಸ್ವಾಮಿ ಪೊದೆ ಒಳಗೆ ಕುಂತವ್ನೆ, ಗಾಳಿ ಬ್ಯಾಡ್ವಾ? ಸುತ್ತ ಕಾಂಕ್ರೀಟು, ಮ್ಯಾಕೆ ಶೀಟು."

"ಗಿಡ?"

"ಕಿತ್ತಾಕಿ ತುಳಸಿ ಮಡಗಾಣ. ಬೇರು ಉಪ್ಪಿನಕಾಯಿ ಆಯ್ತದೆ, ಪ್ರಸಾದ ಅಂತ ಅಂಚಾಣ ಬುಡು."

ಜೊತೆಯವರು ನಕ್ಕರು.

"ಆ ಕಲ್ಲು ನಿಲ್ಸಿದ್ದು ನಾನು," ಅಂದಳು ಸುನಂದಮ್ಮ.

"ಓ! ಕನಸಲ್ ಬಂದಿದ್ನಾ ಸ್ವಾಮಿ?"

"ಕನಸೂ ಇಲ್ಲ, ಮಣ್ಣೂ ಇಲ್ಲ. ನಮ್ಮೊಲದ ಬದಿನ ಕಲ್ಲು. ಗಿಡ ಯಾರೂ ಕೀಳ್ದೆ ಇರ್ಲಿ ಅಂತ ತಂದ್ ನೆಟ್ಟೆ."

"ಕುಂಕುಮ ಇಕ್ಕಿದ್ದು?"

"ನಾನೇ. ನಮ್ಮೋರು ಹೋಗಿ ಆಗ್ಲೇ ಎರಡು ತಿಂಗಳಾಗಿತ್ತು."

ನಗು ನಿಂತಿತು. ವೀರಭದ್ರಸ್ವಾಮಿ ಕರಣೆ ಕೆಳಗಿಟ್ಟ. "ಗಂಡ ಸತ್ತೋಳು ಕುಂಕುಮ ಇಕ್ಕಿದ್ ಕಲ್ಲಿಗೆ ನಮ್ಮವ್ವನ್ ಕರ್ಕಬಂದು ಅಡ್ಡ ಬೀಳ್ಸಿದ್ನಲ್ಲಾ!" ಬಾಯಿಗೆ ಬಂದ ಹಾಗೆ ಬೈದ. ಅವಳು ನಿಂತು ಕೇಳಿಸಿಕೊಂಡಳು. ಕಲ್ಲನ್ನು ಕಾಲಿಂದ ಒದ್ದು ಉರುಳಿಸಿ, ಸಿಮೆಂಟು ಮತ್ತೆ ಹೇರಿಕೊಂಡು ಹೋದರು.

ಈಗ ಪೊದೆಗೆ ದೇವರಿಲ್ಲ. ಅಲ್ಲಿ ಮಾಗಳಿ ಇದೆ ಎನ್ನುವುದು ಮೂರು ಊರಿಗೆ ಗೊತ್ತಾಯಿತು. ಮಾರನೇ ದಿನದಿಂದ ಸುನಂದಮ್ಮ ಎಮ್ಮೆ ಹೊಡೆದುಕೊಂಡು ಬಂದು ಅಲ್ಲೇ ಕೂತಳು. ಹಾರೆ ಹಿಡಿದು ಇಬ್ಬರು ಬಂದರು, ಅವಳನ್ನು ನೋಡಿ ಬೀಡಿ ಸೇದಿ ಹೋದರು. ಊರಲ್ಲಿ ಅವಳನ್ನು ಯಾರೂ ಮಾತಾಡಿಸಲಿಲ್ಲ.

ಎಪ್ಪತ್ತು ದಿನದ ಮೇಲೆ ಕಾಯಿ ಸೀಳಿತು. ಬೀಜಕ್ಕೆ ರೇಷ್ಮೆಯಂಥ ಎಳೆ, ಗಾಳಿ ಬಂದರೆ ನಿಲ್ಲುವುದಿಲ್ಲ. ಒಂದು ಹಿಡಿಯಷ್ಟನ್ನು ಸೆರಗಿನಲ್ಲಿ ಹಿಡಿದಳು. ಮಿಕ್ಕಿದ್ದು ಕ್ವಾರಿ ಕಡೆಗೆ ಹಾರಿಹೋಯಿತು.