ಹೊರವಲಯದ ಹುಡುಗಿಯರ ಖೊಖೊ

ಎಪ್ಪತ್ತರ ದಶಕದ ಕೊನೆಯಲ್ಲಿ ನಾನು ಪೀಣ್ಯದ ಹತ್ತಿರ ಒಂದು ಹೊಸ ಕಾಲೇಜಿನಲ್ಲಿ ಬಿ.ಎ. ಓದುತ್ತಿದ್ದೆ. ಕಾಲೇಜಿಗೆ ಮೈದಾನವಿರಲಿಲ್ಲ. ಪಕ್ಕದ ಖಾಲಿ ಜಾಗದಲ್ಲಿ ಕಲ್ಲು ಆರಿಸಿ, ನೀಲಗಿರಿ ಕಂಬ ನೆಟ್ಟು ಖೊಖೊ ಆಡುತ್ತಿದ್ದೆವು. ತಂಡಕ್ಕೆ ನಾನೇ ನಾಯಕಿ.

ಅಂತರ ಕಾಲೇಜು ಪಂದ್ಯಗಳಲ್ಲಿ ಸಿಟಿಯ ದೊಡ್ಡ ಕಾಲೇಜುಗಳು ನಮ್ಮಂಥವರನ್ನು ಮೊದಲ ಸುತ್ತಿನಲ್ಲೇ ಮನೆಗೆ ಕಳಿಸುತ್ತಿದ್ದವು. ಕೊನೆಗೆ ವಿಶ್ವವಿದ್ಯಾಲಯದವರು ಸುತ್ತಮುತ್ತಲಿನ ಕಾಲೇಜುಗಳನ್ನೆಲ್ಲ ಸೇರಿಸಿ ಹೊರವಲಯ ಅಂತ ಬೇರೆ ಮಾಡಿ, ಅದಕ್ಕೇ ಪ್ರತ್ಯೇಕ ಪಂದ್ಯಾವಳಿ ಇಟ್ಟರು. ಹುಡುಗರಿಗೆ ಎಲ್ಲ ಆಟವೂ ಇತ್ತು. ಹುಡುಗಿಯರ ಖೊಖೊ ನಡೆಸಬೇಕಾದರೆ ನಾಲ್ಕು ತಂಡವಾದರೂ ಬೇಕು ಅಂದರು. ಇದ್ದದ್ದು ಮೂರೇ.

"ನಾಲ್ಕನೇದನ್ನ ನಾವೇ ಕಟ್ಟೋಣ ಬನ್ನಿ" ಅಂದರು ನಮ್ಮ ದೈಹಿಕ ಶಿಕ್ಷಣದ ಮೇಷ್ಟ್ರು.

ಆನೇಕಲ್ ಕಡೆಯ ಒಂದು ಕಾಲೇಜಿನಲ್ಲಿ ಆಡುವ ಆಸೆಯಿದ್ದ ಹುಡುಗಿಯರಿದ್ದರು, ಹೇಳಿಕೊಡುವವರಿರಲಿಲ್ಲ. ಭಾನುವಾರ ಬಂತೆಂದರೆ ನಮ್ಮ ತಂಡದ ಕೆಲವರು ಮೇಷ್ಟ್ರ ಜೊತೆ ಬಸ್ಸು ಬದಲಿಸಿಕೊಂಡು ಅಲ್ಲಿಗೆ ಹೋಗುತ್ತಿದ್ದೆವು. ಹೊಲದಲ್ಲಿ ಓಡಾಡಿ ಬೆಳೆದ ಮೈ ಅವರದು, ದಣಿವೆಂಬುದೇ ಇಲ್ಲ. ಅವರಲ್ಲೊಬ್ಬ ತೆಳ್ಳಗಿನ ಹುಡುಗಿಗೆ, ಕಂಬದ ಬಳಿ ಗಕ್ಕನೆ ತಿರುಗಿ ತಪ್ಪಿಸಿಕೊಳ್ಳುವ ನನ್ನ ವರಸೆಯನ್ನೇ ಕಲಿಸಿದೆ. ಮಧ್ಯಾಹ್ನ ಅವಳ ಮನೆಯಲ್ಲೇ ನಮಗೆಲ್ಲ ಮುದ್ದೆ, ಅವರೇಕಾಳಿನ ಸಾರು.

ಪಂದ್ಯಾವಳಿ ನಡೆಯಿತು. ಫೈನಲ್‌ಗೆ ಬಂದದ್ದು ನಾವು ಮತ್ತು ಅವರು. ಕೊನೆಯ ಸರದಿಯಲ್ಲಿ ಅಟ್ಟಿಸಿಕೊಂಡು ಹೋಗುವವರು ನಾವು. ಇನ್ನೊಬ್ಬಳನ್ನು ಮುಟ್ಟಿದ್ದರೆ ಸಮ ಆಗುತ್ತಿತ್ತು. ಉಳಿದಿದ್ದವಳು ಅದೇ ಹುಡುಗಿ. ಕಂಬದ ಹತ್ತಿರ ಕೈಚಾಚಿದೆ, ಗಕ್ಕನೆ ತಿರುಗಿದಳು. ಆಟ ಮುಗಿದ ಸೀಟಿ ಕೇಳಿಸಿತು.

ಗೆದ್ದವಳೇ ಅಳುಮೋರೆ ಮಾಡಿಕೊಂಡು ಬಂದಳು. "ಬೇಜಾರಾಯ್ತೇನಕ್ಕಾ?"

"ಆಯ್ತು ಕಣೇ. ಆದ್ರೆ ನನಗಿಂತ ಚೆನ್ನಾಗಿ ತಿರುಗ್ದೆ ನೀನು" ಅಂದೆ. ಸೋತ ಸಂಕಟದಲ್ಲೂ ಎದೆ ಉಬ್ಬಿತ್ತು.

ಆಮೇಲೆ ವಲಯ ವಲಯಗಳ ನಡುವಿನ ಪಂದ್ಯಕ್ಕೆ ನಮ್ಮ ವಲಯದ ಎಲ್ಲ ತಂಡಗಳಿಂದಲೂ ಹುಡುಗಿಯರನ್ನು ಆರಿಸಿದರು. ಅವಳೂ ನಾನೂ ಅಕ್ಕಪಕ್ಕ ಕೂತು ಆಡಿ ಸಿಟಿ ವಲಯದವರನ್ನು ಸೋಲಿಸಿದೆವು. ಕಾರ್ಖಾನೆಯ ಬೆಳಗಿನ ಪಾಳಿ ಮುಗಿಸಿ ಯೂನಿಫಾರ್ಮಿನಲ್ಲೇ ಬಂದಿದ್ದ ಅಪ್ಪ, ಗುರುತಿಲ್ಲದವರಿಗೂ ನಮ್ಮಿಬ್ಬರನ್ನು ತೋರಿಸಿ "ನಮ್ಮ ಮಕ್ಕಳು" ಅನ್ನುತ್ತಿದ್ದರು.

ಮುಂದೆ ವೈಟ್‌ಫೀಲ್ಡ್ ಕಡೆಯಿಂದಲೂ ತಂಡಗಳು ಬಂದವು. ಹೊಸಬರು ಸೇರಿದಾಗೆಲ್ಲ ಹಳಬರು ಹೋಗಿ ಕಲಿಸಿಕೊಡುವುದು ನಮ್ಮ ವಲಯದ ರೂಢಿಯೇ ಆಯಿತು.